ಬೀದಿಗೆ ಬಂದ ಹುಡುಗಿ, ಚಿತ್ರಕ್ಕೆ ಬಂದ ಹುಡುಗಿ



ಈ ಮಾತುಕತೆಯನ್ನು ತೆರೆಯ ಮೇಲೆ ನೋಡುವ ಮೊದಲು ನಿಮ್ಮ ಮುಂದೆ ಒಂದು ತಪ್ಪನ್ನು ಒಪ್ಪಿಕೊಳ್ಳಬೇಕಾಗಿದೆ. ನಾನು ಈ ವೃತ್ತಿಗೆ ಹೊಸಬನಾಗಿದ್ದಾಗ ಯುವಜನರ ಬದುಕನ್ನು ಕುರಿತು ಒಂದು ಸಣ್ಣ ಕಾರ್ಯಕ್ರಮ ತಯಾರಿಸಬೇಕಿತ್ತು. ಶಿವಮೊಗ್ಗದ ಗೋಪಾಳದಲ್ಲಿ ಒಂದು ಸಂಜೆ ಕ್ಯಾಮರಾ ಇಟ್ಟು ಬೀದಿಯ ದೃಶ್ಯಗಳನ್ನು ತೆಗೆದುಕೊಂಡೆವು. ಬಸ್ಸಿನಿಂದ ಒಬ್ಬ ಹುಡುಗಿ ಇಳಿದು ನಡೆದು ಬಂದಳು. ಜೀನ್ಸ್ ಪ್ಯಾಂಟು, ಗಿಡ್ಡ ಕೂದಲು, ಕಣ್ಣಿಗೆ ಕಪ್ಪು ಕನ್ನಡಕ. ದೃಶ್ಯ ಚೆನ್ನಾಗಿ ಬಂದಿತ್ತು. ಸಂಕಲನಕ್ಕೆ ಕುಳಿತಾಗ, 'ನಮ್ಮ ಸಂಸ್ಕೃತಿ ಎತ್ತ ಸಾಗುತ್ತಿದೆ?' ಎಂಬ ನಿರೂಪಣೆಯ ಮಾತಿಗೆ ಸರಿಯಾಗಿ ಆ ದೃಶ್ಯವನ್ನೇ ಜೋಡಿಸಿದೆ. ಅದರಲ್ಲಿ ತಪ್ಪೇನೂ ನನಗೆ ಕಾಣಲಿಲ್ಲ.

ಕೆಲವು ತಿಂಗಳ ನಂತರ ಬೇರೊಂದು ಚಿತ್ರೀಕರಣಕ್ಕೆ ಅಲ್ಲಿಗೇ ಹೋದಾಗ ಆಕೆ ನನ್ನನ್ನು ಗುರುತು ಹಿಡಿದು ಎದುರು ಬಂದಳು. ''ಸಾರ್, ಅವತ್ತು ನಾನು ಲೈಬ್ರರಿಯಿಂದ ಬರ್ತಾ ಇದ್ದೆ. ಕೈಯಲ್ಲಿ ಪುಸ್ತಕ ಇತ್ತು. ನೀವು ಪುಸ್ತಕ ಬಿಟ್ಟು ಪ್ಯಾಂಟು ಮಾತ್ರ ತೋರಿಸಿದ್ರಿ. ಮನೇಲಿ ಒಂದು ವಾರ ಕಾಲೇಜಿಗೆ ಕಳಿಸಲಿಲ್ಲ'' ಎಂದಳು. ಅವಳ ಧ್ವನಿಯಲ್ಲಿ ಸಿಟ್ಟಿರಲಿಲ್ಲ. ಅದಕ್ಕೇ ನನಗೆ ಉತ್ತರ ತೋಚಲಿಲ್ಲ.

ಹುಡುಗಿಯೊಬ್ಬಳು ತನಗಿಷ್ಟವಾದ ಉಡುಪು ತೊಟ್ಟು ಬೀದಿಗೆ ಬರುವುದು ಒಂದು ಸಂಗತಿ. ಆ ಉಡುಪನ್ನು ನೋಡಿ ಅವಳ ನಡತೆಯನ್ನು ನಿರ್ಧರಿಸಿ ಚಿತ್ರ ಬರೆಯುವುದು, ಕಥೆ ಕಟ್ಟುವುದು, ಸಿನಿಮಾ ತೆಗೆಯುವುದು ಬೇರೆಯೇ ಸಂಗತಿ. ಈ ಎರಡರ ನಡುವಿನ ಇತಿಹಾಸವನ್ನು ನಾವು ಇಲ್ಲಿ ನೋಡೋಣ. ಮೊದಲು ನಮ್ಮ ಕನ್ನಡದ ತೆರೆ. ಅನಂತರ ಜಪಾನು. ಕೊನೆಗೆ ಮತ್ತೆ ನಮ್ಮ ಶಿವಮೊಗ್ಗ ಜಿಲ್ಲೆ.

ಒಂದು ಬೈಗುಳದ ಹುಟ್ಟು

'ಬಜಾರಿ' ಎಂಬ ಮಾತನ್ನು ನೀವು ಕೇಳಿದ್ದೀರಿ. ಗಟ್ಟಿಯಾಗಿ ಮಾತನಾಡುವ, ಎದುರು ಜವಾಬು ಕೊಡುವ ಹೆಂಗಸಿಗೆ ನಮ್ಮಲ್ಲಿ ಈ ಹೆಸರು. ಇದು ಬಂದಿರುವುದು 'ಬಜಾರ್' ಎಂಬ ಪರ್ಷಿಯನ್ ಮೂಲದ ಪದದಿಂದ. ಬಜಾರು ಎಂದರೆ ಪೇಟೆ, ಅಂಗಡಿಬೀದಿ. ಪೇಟೆಗೆ ಸೇರಿದವಳು ಎಂಬುದೇ ಬೈಗುಳವಾಗಿ ಹೋಗಿದೆ! ಪೇಟೆಯಲ್ಲಿ ವ್ಯಾಪಾರ ಮಾಡುವ, ಅಲ್ಲೇ ದಿನ ಕಳೆಯುವ ಗಂಡಸಿಗೆ ಇಂಥ ಬಿರುದಿಲ್ಲ ಎಂಬುದನ್ನು ಗಮನಿಸಿ. ಅಂದರೆ ಉಡುಪಿನ ತಕರಾರಿಗಿಂತ ಮೊದಲೇ ಇನ್ನೊಂದು ತಕರಾರು ಇತ್ತು. ಹೆಣ್ಣು ನಾಲ್ಕು ಜನ ಓಡಾಡುವ ಜಾಗಕ್ಕೆ ಬರಬಹುದೇ, ಬಂದರೆ ಹೇಗೆ ಬರಬೇಕು ಎಂಬುದೇ ಆ ತಕರಾರು.

ಕಾಲೇಜು, ಕಚೇರಿ, ಬಸ್ಸು, ಸಿನಿಮಾ ಥಿಯೇಟರು ಇವು ಹುಡುಗಿಯರನ್ನು ಮನೆಯಿಂದ ಹೊರಗೆ ತಂದವು. ಹೊರಗೆ ಬಂದ ಮೇಲೆ ಉಡುಪು ಬದಲಾಗಲೇಬೇಕು. ಬಸ್ಸು ಹತ್ತಲು, ಸೈಕಲ್ಲು ತುಳಿಯಲು, ಪ್ರಯೋಗಶಾಲೆಯಲ್ಲಿ ನಿಂತು ಕೆಲಸ ಮಾಡಲು ಅನುಕೂಲವಾದದ್ದು ಬೇಕು. ಲಂಗ ದಾವಣಿ ಹೋಗಿ ಚೂಡಿದಾರ ಬಂತು, ಚೂಡಿದಾರದ ಪಕ್ಕಕ್ಕೆ ಜೀನ್ಸ್ ಬಂತು. ಇಂದು ಯಾರೂ ತಲೆಯೆತ್ತಿ ನೋಡದ ಚೂಡಿದಾರವೂ ಒಂದು ಕಾಲಕ್ಕೆ ಮನೆಮನೆಯಲ್ಲಿ ವಾದವೆಬ್ಬಿಸಿದ ಫ್ಯಾಷನ್ನೇ. ನಿಮ್ಮ ಅಮ್ಮನನ್ನೋ ಅತ್ತೆಯನ್ನೋ ಕೇಳಿ ನೋಡಿ.

ತೆರೆಯ ಮೇಲೆ ಪಳಗಿದವಳು

ಈ ಬದಲಾವಣೆಯನ್ನು ನಮ್ಮ ಸಿನಿಮಾ ಹೇಗೆ ತೋರಿಸಿತು? 1965ರಲ್ಲಿ ಎಂ.ಆರ್. ವಿಠಲ್ ನಿರ್ದೇಶನದ 'ಮಿಸ್ ಲೀಲಾವತಿ' ತೆರೆಗೆ ಬಂತು. ತನ್ನಿಷ್ಟದಂತೆ ಬದುಕಬೇಕೆನ್ನುವ ಆಧುನಿಕ ಯುವತಿಯಾಗಿ ಅದರಲ್ಲಿ ನಟಿಸಿದವರು ಜಯಂತಿ. ಸ್ಕರ್ಟ್, ಟೀ ಶರ್ಟ್ ತೊಟ್ಟರು. ಈಜುಡುಪಿನಲ್ಲಿ ಕಾಣಿಸಿಕೊಂಡ ಕನ್ನಡದ ಮೊದಲ ನಾಯಕಿ ಎಂದು ಚಿತ್ರರಂಗದ ಇತಿಹಾಸದಲ್ಲಿ ಅವರ ಹೆಸರು ದಾಖಲಾಗಿದೆ. ಜನ ಚಿತ್ರವನ್ನು ನೋಡಿದರು, ಮಾತಾಡಿಕೊಂಡರು. ಆಧುನಿಕ ಹುಡುಗಿ ಕನ್ನಡ ಸಿನಿಮಾಕ್ಕೆ ಒಂದು ವಿಷಯವಾದಳು.

ಆದರೆ ಮುಂದೆ ಹೆಚ್ಚು ಬಳಕೆಗೆ ಬಂದದ್ದು ಇನ್ನೊಂದು ಅಚ್ಚು. ಅದರ ಮೂಲ ಕನ್ನಡದ್ದಲ್ಲ. 1590ರ ದಶಕದಲ್ಲಿ ಇಂಗ್ಲೆಂಡಿನ ಷೇಕ್ಸ್‌ಪಿಯರ್ ಬರೆದ ಒಂದು ಹಾಸ್ಯನಾಟಕದಲ್ಲಿ ಬಾಯಿ ಜೋರಿನ ಹೆಣ್ಣೊಬ್ಬಳನ್ನು ಗಂಡ ಊಟ, ನಿದ್ದೆ, ಹೊಸ ಬಟ್ಟೆ ಎಲ್ಲವನ್ನೂ ತಪ್ಪಿಸಿ 'ಪಳಗಿಸು'ತ್ತಾನೆ. ಹೊಸ ಬಟ್ಟೆ ತಪ್ಪಿಸುವುದೂ ಆ ಶಿಕ್ಷೆಯ ಒಂದು ಭಾಗ ಎಂಬುದನ್ನು ಮರೆಯಬೇಡಿ. ದರ್ಜಿ ಹೊಲಿದು ತಂದ ಅಂಗಿಯನ್ನು ಅವಳ ಕಣ್ಣೆದುರೇ ಹಳಿದು ಹಿಂದಕ್ಕೆ ಕಳಿಸುವ ದೃಶ್ಯ ಆ ನಾಟಕದಲ್ಲಿದೆ. ಇದನ್ನು ನಾಟಕಕಾರ ಪರ್ವತವಾಣಿಯವರು 'ಬಹದ್ದೂರ್ ಗಂಡ' ಎಂಬ ಹೆಸರಿನಲ್ಲಿ ಕನ್ನಡಕ್ಕೆ ಒಗ್ಗಿಸಿದರು. 1976ರಲ್ಲಿ ಇದೇ ಕಥೆಯ 'ಬಹದ್ದೂರ್ ಗಂಡು' ಚಲನಚಿತ್ರ ಬಂತು. ರಾಜಕುಮಾರ್ ನಾಯಕ, ನಾಯಕಿ ಮತ್ತೆ ಜಯಂತಿ. 1965ರ ಲೀಲಾವತಿಯೇ ಹನ್ನೊಂದು ವರ್ಷಗಳ ಮೇಲೆ ಪಳಗಿಸುವ ಕಥೆಯೊಳಗೆ ಬಂದು ನಿಂತಳು ಎನ್ನಬಹುದು. 1989ರ 'ನಂಜುಂಡಿ ಕಲ್ಯಾಣ' ಕೂಡ ಇದೇ ಕಥೆಯ ಮರುಹುಟ್ಟು. ಮಾಲಾಶ್ರೀ ಕನ್ನಡಕ್ಕೆ ಬಂದದ್ದು ಈ ಚಿತ್ರದ ಮೂಲಕ. ಈ ನಡುವೆ 1974ರಲ್ಲಿ ಪಿ.ಬಿ. ಧುತ್ತರಗಿಯವರ ನಾಟಕವನ್ನು ಆಧರಿಸಿದ 'ಸಂಪತ್ತಿಗೆ ಸವಾಲ್' ಬಂದಿತ್ತು. ಅದರಲ್ಲಿ ಸಾಹುಕಾರನ ಜಂಬದ ಮಗಳಾಗಿ ಮಂಜುಳಾ ಮನೆಮಾತಾದರು.

ಇವೆಲ್ಲ ಜನ ಮೆಚ್ಚಿದ ಚಿತ್ರಗಳು. ನಾನೂ ಮೆಚ್ಚಿ ನೋಡಿದವನೇ. ಆ ನಟಿಯರ ಚುರುಕು, ಮಾತಿನ ಓಟ ಇವತ್ತಿಗೂ ಖುಷಿ ಕೊಡುತ್ತದೆ. ಆದರೆ ಈ ಬಗೆಯ ಕಥೆಗಳು ಬೆಳೆದಂತೆ ಒಂದು ಸಂಕೇತ ಭಾಷೆ ತಯಾರಾಯಿತು. ವೃತ್ತಿಯವನಾಗಿ ಅದನ್ನು ನಿಮಗೆ ಬಿಡಿಸಿ ಹೇಳಬಲ್ಲೆ. ಜಂಬದ ನಾಯಕಿಯನ್ನು ಪರಿಚಯಿಸುವಾಗ ಕ್ಯಾಮರಾ ಮುಖದಿಂದ ಶುರುವಾಗುವುದಿಲ್ಲ. ಎತ್ತರದ ಹಿಮ್ಮಡಿಯ ಚಪ್ಪಲಿಯಿಂದ ಶುರುವಾಗಿ, ಪ್ಯಾಂಟಿನ ಮೇಲೆ ಹಾದು, ತಂಪು ಕನ್ನಡಕದವರೆಗೆ ನಿಧಾನವಾಗಿ ಮೇಲೇರುತ್ತದೆ. ಅವಳು ಯಾರು, ಏನು ಓದಿದ್ದಾಳೆ ಎಂದು ತಿಳಿಯುವ ಮೊದಲೇ ಪ್ರೇಕ್ಷಕ ತೀರ್ಪು ಕೊಟ್ಟಿರುತ್ತಾನೆ. ಕೊನೆಯ ರೀಲಿನಲ್ಲಿ ಅದೇ ಹುಡುಗಿ ಸೀರೆಯುಟ್ಟು, ಕುಂಕುಮವಿಟ್ಟು, ತಲೆ ಬಗ್ಗಿಸಿ ಬರುತ್ತಾಳೆ. ಮನಸ್ಸು ಬದಲಾಯಿತು ಎಂದು ಹೇಳಲು ಬಟ್ಟೆ ಬದಲಾಯಿಸಿದರೆ ಸಾಕು. ಗೋಪಾಳದ ಬಸ್ ನಿಲ್ದಾಣದಲ್ಲಿ ನಾನು ಮಾಡಿದ್ದು ಈ ವ್ಯಾಕರಣದ ಮೊದಲ ಅರ್ಧವನ್ನೇ.

ಹಾಗೆಂದು ತೆರೆ ಅಲ್ಲಿಗೇ ನಿಲ್ಲಲಿಲ್ಲ. ನಂಜುಂಡಿಯ ಕಥೆಯಲ್ಲಿ ಪಳಗಿದ ಮಾಲಾಶ್ರೀ ಎರಡೇ ವರ್ಷದಲ್ಲಿ, 1991ರ 'ಎಸ್.ಪಿ. ಭಾರ್ಗವಿ'ಯಲ್ಲಿ, ಪೊಲೀಸ್ ಅಧಿಕಾರಿಯಾದರು. ಅದೇ ಪ್ಯಾಂಟು ಸಮವಸ್ತ್ರವಾದಾಗ ಗೌರವ ಪಡೆಯಿತು!

ಶಿಬುಯಾದ ಬೀದಿ

ಇದು ನಮ್ಮೂರಿನ ಕಥೆ ಮಾತ್ರವೇ? ಅಲ್ಲ. ಉಡುಪಿನಿಂದ ನಡತೆಯನ್ನು ಅಳೆಯುವ ಅಭ್ಯಾಸಕ್ಕೆ ಅತಿ ಸ್ಪಷ್ಟ ಉದಾಹರಣೆ ಜಪಾನಿನಲ್ಲಿ ಸಿಗುತ್ತದೆ. ಅಲ್ಲಿ ಅದಕ್ಕೆ ಒಂದು ಹೆಸರೂ ಇದೆ: 'ಗ್ಯಾರು'. ಇಂಗ್ಲಿಷಿನಲ್ಲಿ ಹುಡುಗಿಗೆ ಆಡುಮಾತಿನಲ್ಲಿ ಹೇಳುವ 'ಗ್ಯಾಲ್' ಜಪಾನೀ ನಾಲಿಗೆಯಲ್ಲಿ ಗ್ಯಾರು ಆಯಿತು.

1920ರ ದಶಕದಲ್ಲೇ ಟೋಕಿಯೋದಲ್ಲಿ ಕೂದಲು ಕತ್ತರಿಸಿ ಪಾಶ್ಚಾತ್ಯ ಉಡುಪು ತೊಟ್ಟ ಹುಡುಗಿಯರನ್ನು 'ಮೊಗ' ಎಂದು ಕರೆಯುತ್ತಿದ್ದರು. 'ಮಾಡರ್ನ್ ಗರ್ಲ್' ಎಂಬುದರ ಮೊಟಕು ರೂಪ ಅದು. ಗ್ಯಾರು ಅವಳ ಮೊಮ್ಮಗಳು ಎಂದಿಟ್ಟುಕೊಳ್ಳಿ. 1990ರ ದಶಕದ ಮೊದಲಲ್ಲಿ ಜಪಾನಿನ ಆರ್ಥಿಕ ಉಬ್ಬರ ಒಡೆಯಿತು. ಚೆನ್ನಾಗಿ ಓದು, ದೊಡ್ಡ ಕಂಪನಿ ಸೇರು, ಜೀವನಪೂರ್ತಿ ನೌಕರಿ ಭದ್ರ ಎಂದು ಹಿರಿಯರು ಕೊಟ್ಟಿದ್ದ ಭರವಸೆ ಅಲುಗಾಡಿತು. ಆ ವರ್ಷಗಳಲ್ಲೇ ಟೋಕಿಯೋದ ಶಿಬುಯಾ ಎಂಬ ಪೇಟೆಯಲ್ಲಿ ಹೈಸ್ಕೂಲು ಹುಡುಗಿಯರ ಗುಂಪುಗಳು ಎದ್ದು ಕಾಣತೊಡಗಿದವು. ಶಾಲೆಯ ಸಮವಸ್ತ್ರದ ಸ್ಕರ್ಟನ್ನು ಸೊಂಟದಲ್ಲಿ ಮಡಿಚಿ ಗಿಡ್ಡ ಮಾಡಿಕೊಳ್ಳುವುದು, ಕಾಲಿಗೆ ಸಡಿಲವಾಗಿ ಜೋಲುವ ಬಿಳಿ ಕಾಲುಚೀಲ, ಕಂದು ಬಣ್ಣಕ್ಕೆ ತಿರುಗಿಸಿದ ಕೂದಲು, ಬಿಸಿಲಿಗೆ ಕಪ್ಪಾದ ಮೈ. 1979ರಲ್ಲಿ ತೆರೆದಿದ್ದ 'ಶಿಬುಯಾ 109' ಎಂಬ ಅಂಗಡಿಗಳ ಕಟ್ಟಡ ಅವರ ಕೇಂದ್ರವಾಯಿತು. 1995ರಲ್ಲಿ 'ಎಗ್' ಎಂಬ ಪತ್ರಿಕೆ ಹೊರಟು, ಬೀದಿಯ ಹುಡುಗಿಯರ ಫೋಟೋಗಳನ್ನೇ ಅಚ್ಚು ಹಾಕಿತು. ಒಕಿನಾವಾ ದ್ವೀಪದ ಗಾಯಕಿ ಅಮುರೊ ನಾಮಿಯೆಯನ್ನು ಅನುಕರಿಸುವವರಿಗೆ 'ಅಮುರಾ' ಎಂಬ ಹೆಸರು ಬಂದು, 1996ರಲ್ಲಿ ಅದು ಆ ವರ್ಷದ ಜನಪ್ರಿಯ ಪದಗಳ ಪಟ್ಟಿ ಸೇರಿತು.

ವಿಜ್ಞಾನದ ವಿದ್ಯಾರ್ಥಿಗಳು ಇಲ್ಲಿ ಒಂದು ಸ್ವಾರಸ್ಯವನ್ನು ಗಮನಿಸಬಹುದು. ನಮ್ಮ ಚರ್ಮಕ್ಕೂ ಕೂದಲಿಗೂ ಬಣ್ಣ ಕೊಡುವುದು ಮೆಲನಿನ್ ಎಂಬ ವರ್ಣದ್ರವ್ಯ. ನೇರಳಾತೀತ ಕಿರಣ ತಾಗಿದರೆ ಚರ್ಮದಲ್ಲಿ ಮೆಲನಿನ್ ಹೆಚ್ಚುತ್ತದೆ. ಹೈಡ್ರೋಜನ್ ಪೆರಾಕ್ಸೈಡ್ ಹಚ್ಚಿದರೆ ಕೂದಲಿನ ಮೆಲನಿನ್ ಉತ್ಕರ್ಷಣಗೊಂಡು ಬಣ್ಣ ಕಳೆದುಕೊಳ್ಳುತ್ತದೆ. ಸಮಾಜ ಬಯಸುತ್ತಿದ್ದುದು ಬಿಳಿ ಚರ್ಮ, ಕಪ್ಪು ಕೂದಲು. ಗ್ಯಾರು ಹುಡುಗಿಯರು ಎರಡನ್ನೂ ಅದಲುಬದಲು ಮಾಡಿದರು. ಮೈ ಬಿಳುಪಾಗಿದ್ದರೆ ಏಳು ಕುಂದು ಮುಚ್ಚಿಹೋಗುತ್ತವೆ ಎಂಬ ಅರ್ಥದ ಗಾದೆಯೇ ಜಪಾನಿನಲ್ಲಿದೆ. ನಮಗೇನೂ ಇದು ಹೊಸದಲ್ಲ. 1975ರಲ್ಲಿ ಭಾರತದ ಮಾರುಕಟ್ಟೆಗೆ ಬಂದ 'ಫೇರ್ ಅಂಡ್ ಲವ್ಲಿ' ತನ್ನ ಹೆಸರಿನಿಂದ ಬಿಳುಪಿನ ಮಾತನ್ನು ತೆಗೆದದ್ದು 2020ರಲ್ಲಿ! ಶಿಬುಯಾದ ಹುಡುಗಿಯರ ಬಿಸಿಲುಗಪ್ಪು ಒಂದು ಬಗೆಯ ಉತ್ತರವಾಗಿತ್ತು. 1999-2000ರ ಹೊತ್ತಿಗೆ ಕೆಲವರು ಇದನ್ನು ಇನ್ನೂ ದೂರ ಒಯ್ದು ಕಡುಗಪ್ಪು ಮುಖ, ಬಿಳಿ ಕಣ್ರೆಪ್ಪೆಯ ಅಲಂಕಾರ ಮಾಡಿಕೊಂಡಾಗ ನೋಡುವವರು ಗಾಬರಿಯಾದರು.

ಇದರಲ್ಲಿ ವ್ಯಾಪಾರ ಇರಲಿಲ್ಲವೇ? ಖಂಡಿತ ಇತ್ತು. 109ರ ಅಂಗಡಿಗಳ ಮಾರಾಟದ ಹುಡುಗಿಯರೇ ತಾರೆಯರಾದರು. ಹುಡುಗಿಯರ ಹಟವನ್ನು ಕಂಪನಿಗಳು ಬೇಗ ಗುರುತಿಸಿ ಬೆಲೆ ಚೀಟಿ ಅಂಟಿಸಿದವು. ಅದೇ ಹೊತ್ತಿಗೆ ವಾರಪತ್ರಿಕೆಗಳು ಇನ್ನೊಂದು ಚೀಟಿ ಅಂಟಿಸಿದವು. ಹಣಕ್ಕಾಗಿ ನಡುವಯಸ್ಸಿನ ಗಂಡಸರೊಂದಿಗೆ ಸುತ್ತುವ ಶಾಲಾ ಹುಡುಗಿಯರ ಸುದ್ದಿ ಆಗ ದೊಡ್ಡ ಗುಲ್ಲಾಯಿತು. ಕೆಲವರ ಮಟ್ಟಿಗೆ ನಿಜವಾದ ಈ ಸಮಸ್ಯೆಯನ್ನು ಸಡಿಲ ಕಾಲುಚೀಲ ತೊಟ್ಟ ಎಲ್ಲ ಹುಡುಗಿಯರ ಮೇಲೂ ಹೊರಿಸಲಾಯಿತು. ಹಣ ಕೊಟ್ಟ ಗಂಡಸರು ತೊಟ್ಟ ಉಡುಪಿನ ಬಗ್ಗೆ ಅಷ್ಟು ಚರ್ಚೆ ನಡೆಯಲಿಲ್ಲ.

ಮಾಂಗಾ ಪುಟಗಳಲ್ಲಿ

ಈಗ ಚಿತ್ರಕ್ಕೆ ಬರೋಣ. ಜಪಾನೀ ಕಾಮಿಕ್ಸಿಗೆ 'ಮಾಂಗಾ' ಎನ್ನುತ್ತಾರೆ. ಬಲದಿಂದ ಎಡಕ್ಕೆ ಓದುವ ಈ ಚಿತ್ರಕಥೆಗಳು ದಪ್ಪ ಪತ್ರಿಕೆಗಳಲ್ಲಿ ಧಾರಾವಾಹಿಯಾಗಿ ಬರುತ್ತವೆ. ಹುಡುಗರಿಗೆ, ಹುಡುಗಿಯರಿಗೆ, ದೊಡ್ಡವರಿಗೆ ಬೇರೆ ಬೇರೆ ಪತ್ರಿಕೆಗಳು. 1970ರ ದಶಕದಿಂದೀಚೆಗೆ ಹುಡುಗಿಯರ ಮಾಂಗಾ ಬರೆಯುವವರಲ್ಲಿ ಹೆಚ್ಚಿನವರು ಹೆಂಗಸರೇ. ನಮ್ಮ ಸಿನಿಮಾಕ್ಕೂ ಇದಕ್ಕೂ ಇರುವ ದೊಡ್ಡ ವ್ಯತ್ಯಾಸ ಇದು.

ಉಯೆದಾ ಮಿವಾ ಅವರ 'ಪೀಚ್ ಗರ್ಲ್' 1997ರಿಂದ 2003ರವರೆಗೆ ಹರಿದು ಬಂತು. ಇದರ ನಾಯಕಿ ಮೊಮೊ ಈಜುಗಾತಿ. ಬಿಸಿಲಿನಲ್ಲಿ ಈಜಿ ಈಜಿ ಅವಳ ಮೈ ಕಪ್ಪಾಗಿದೆ, ಕೂದಲು ಕೆಂಚಾಗಿದೆ. ನೋಡಿದವರು ಅವಳನ್ನು ಗ್ಯಾರು ಎಂದೇ ತಿಳಿಯುತ್ತಾರೆ. ಗ್ಯಾರು ಎಂದ ಮೇಲೆ ನಡತೆ ಸರಿಯಿಲ್ಲ ಎಂದೂ ತಿಳಿಯುತ್ತಾರೆ. ಅವಳು ಬಾಯಿಬಿಟ್ಟು ಹೇಳಿದರೂ ನಂಬುವವರಿಲ್ಲ. ಬೆಳ್ಳಗೆ, ಮುದ್ದಾಗಿ ಕಾಣುವ ಗೆಳತಿ ಹಬ್ಬಿಸುವ ಸುಳ್ಳನ್ನು ಎಲ್ಲರೂ ನಂಬುತ್ತಾರೆ. ಗೋಪಾಳದ ಆ ಹುಡುಗಿ ಈ ಕಥೆ ಓದಿದ್ದರೆ 'ಇದು ನನ್ನದೇ' ಎನ್ನುತ್ತಿದ್ದಳೇನೋ.

ಫುಜೀ ಮಿಹೊನಾ ಅವರ 'ಗ್ಯಾಲ್ಸ್' ಇನ್ನೊಂದು ದಾರಿ ಹಿಡಿಯಿತು. 1998ರ ಕೊನೆಯಲ್ಲಿ 'ರಿಬೊನ್' ಎಂಬ ಬಾಲಕಿಯರ ಪತ್ರಿಕೆಯಲ್ಲಿ ಆರಂಭವಾಗಿ 2002ರವರೆಗೆ ನಡೆದು, ದೂರದರ್ಶನ ಸರಣಿಯೂ ಆಯಿತು. ನಾಯಕಿ ಕೊತೊಬುಕಿ ರಾನ್ ಶಿಬುಯಾದ ಅಪ್ಪಟ ಗ್ಯಾರು. ಓದಿನಲ್ಲಿ ಹಿಂದೆ, ಶಾಪಿಂಗಿನಲ್ಲಿ ಮುಂದೆ. ಆದರೆ ಪೊಲೀಸರ ಮನೆಯ ಮಗಳು. ಅನ್ಯಾಯ ಕಂಡರೆ ಸುಮ್ಮನಿರಲಾರಳು. ಹಣಕ್ಕಾಗಿ ಗಂಡಸರೊಂದಿಗೆ ಹೋಗುತ್ತಿದ್ದ ಸಹಪಾಠಿಯೊಬ್ಬಳನ್ನು ತಡೆದು ನಿಲ್ಲಿಸುವವಳು ಇವಳೇ. ತಮಾಷೆಯೆಂದರೆ ಆ ಸಹಪಾಠಿ ಗ್ಯಾರು ಅಲ್ಲ, ತರಗತಿಯ ಅಚ್ಚುಕಟ್ಟಾದ, ಒಳ್ಳೆಯ ಅಂಕ ತೆಗೆಯುವ ಹುಡುಗಿ! ವಾರಪತ್ರಿಕೆಗಳ ಲೆಕ್ಕಾಚಾರವನ್ನು ಲೇಖಕಿ ಹೀಗೆ ತಲೆಕೆಳಗು ಮಾಡಿದರು.

ಗಂಡಸರಿಗಾಗಿ ಬರುವ ಪತ್ರಿಕೆಗಳಲ್ಲಿ ಗ್ಯಾರು ಬಹುಕಾಲ ಸುಲಭವಾಗಿ ಒಲಿಯುವ ಹುಡುಗಿಯಾಗಿಯೋ ನಗೆಪಾಟಲಿನ ವಸ್ತುವಾಗಿಯೋ ಉಳಿದಳು. ಅಲ್ಲೂ ಬದಲಾವಣೆ ಬಂದಿದೆ. 2018ರಿಂದ 2025ರವರೆಗೆ 'ಯಂಗ್ ಗಂಗನ್' ಪತ್ರಿಕೆಯಲ್ಲಿ ನಡೆದ ಫುಕುದಾ ಶಿನ್‌ಇಚಿ ಅವರ ಜನಪ್ರಿಯ ಕಥೆಯೊಂದರಲ್ಲಿ ಸಾಂಪ್ರದಾಯಿಕ ಗೊಂಬೆ ಮಾಡುವ ಮನೆತನದ ಸಂಕೋಚದ ಹುಡುಗ ಹೊಲಿಗೆ ಯಂತ್ರದ ಮುಂದೆ ಕೂರುತ್ತಾನೆ. ಗ್ಯಾರು ಹುಡುಗಿ ತನ್ನ ಕನಸಿನ ವೇಷಗಳನ್ನು ಅವನಿಂದ ಹೊಲಿಸಿಕೊಳ್ಳುತ್ತಾಳೆ. ಗೊಂಬೆಗಳನ್ನು ಇಷ್ಟಪಡುವುದು ಗಂಡುಹುಡುಗನಿಗೆ ತಕ್ಕದ್ದಲ್ಲ ಎಂದು ಚಿಕ್ಕಂದಿನಲ್ಲಿ ಹಳಿಸಿಕೊಂಡಿದ್ದ ಅವನನ್ನು, ನಗದೆ ಮೆಚ್ಚಿದವಳು ಆ ಹುಡುಗಿ. ಅಣಕಕ್ಕೆ ಗುರಿಯಾಗುತ್ತಿದ್ದವಳು ಇಲ್ಲಿ ಇನ್ನೊಬ್ಬರ ಅಳುಕನ್ನು ಕಳೆಯುತ್ತಾಳೆ.

ಕಥೆಯ ಹೊರಗೆ ಏನಾಯಿತು? ಒಸಾಕಾ ಪ್ರಾಂತ್ಯದ ಒಂದು ಹೈಸ್ಕೂಲಿನಲ್ಲಿ, ತನ್ನ ಕೂದಲು ಹುಟ್ಟಿನಿಂದಲೇ ಕಂದು ಎಂದ ವಿದ್ಯಾರ್ಥಿನಿಗೆ ಕಪ್ಪು ಬಣ್ಣ ಹಚ್ಚಿಕೊಂಡು ಬರುವಂತೆ ಮತ್ತೆ ಮತ್ತೆ ಒತ್ತಾಯಿಸಲಾಯಿತು. 2017ರಲ್ಲಿ ಆಕೆ ನ್ಯಾಯಾಲಯಕ್ಕೆ ಹೋದಳು. 2021ರಲ್ಲಿ ತೀರ್ಪು ಬಂತು. ಕೂದಲಿನ ನಿಯಮ ಕಾನೂನಿಗೆ ವಿರುದ್ಧವಲ್ಲ ಎಂದ ನ್ಯಾಯಾಲಯ, ಆಕೆ ಶಾಲೆಗೆ ಬರುವುದು ನಿಂತ ಮೇಲೆ ತರಗತಿಯ ಪಟ್ಟಿಯಿಂದ ಹೆಸರನ್ನೂ ಕೋಣೆಯಿಂದ ಮೇಜನ್ನೂ ತೆಗೆದದ್ದು ತಪ್ಪೆಂದು 3,30,000 ಯೆನ್ ಪರಿಹಾರ ಕೊಡಿಸಿತು. ಪೂರ್ತಿ ಗೆಲುವಲ್ಲ. ಆದರೂ 2022ರ ಏಪ್ರಿಲಿನಿಂದ ಟೋಕಿಯೋ ನಗರಾಡಳಿತದ ಶಾಲೆಗಳು ಕೂದಲನ್ನು ಒಂದೇ ಬಣ್ಣಕ್ಕೆ ತರಬೇಕೆಂಬ ನಿಯಮವನ್ನು ಕೈಬಿಟ್ಟವು.

ಕತ್ತರಿ ಯಾರ ಕೈಯಲ್ಲಿ?

ಕೂದಲಿನ ಮಾತು ನಮ್ಮನ್ನು ಮತ್ತೆ ಶಿವಮೊಗ್ಗ ಜಿಲ್ಲೆಗೆ ಕರೆತರುತ್ತದೆ. ತೀರ್ಥಹಳ್ಳಿಯಲ್ಲಿ ಹುಟ್ಟಿದ ಎಂ.ಕೆ. ಇಂದಿರಾ (1917-1994) ನಡುವಯಸ್ಸಿನಲ್ಲಿ ಬರೆಯಲು ಆರಂಭಿಸಿದವರು. 1976ರಲ್ಲಿ ಪ್ರಕಟವಾದ ಅವರ 'ಫಣಿಯಮ್ಮ' ಮಲೆನಾಡಿನ ನಿಜಜೀವನವೊಂದನ್ನು ಆಧರಿಸಿದ ಕಾದಂಬರಿ. ಎಳವೆಯಲ್ಲೇ ಮದುವೆ, ಎಳವೆಯಲ್ಲೇ ವೈಧವ್ಯ. ಮೈನೆರೆದ ಮೇಲೆ ತಲೆ ಬೋಳಿಸಿ, ಮಡಿಯ ಸೀರೆ ಉಡಿಸಿ ಅವಳನ್ನು ಜೀವನದ ಅಂಚಿಗೆ ಸರಿಸುತ್ತಾರೆ. ಅವಳ ಉಡುಪನ್ನು ಅವಳು ಆರಿಸಲಿಲ್ಲ. ಅವಳ ಕೂದಲನ್ನು ಅವಳು ಕತ್ತರಿಸಲಿಲ್ಲ. ಮುಂದೆ ದಾಕ್ಷಾಯಿಣಿ ಎಂಬ ಎಳೆಯ ವಿಧವೆ ತಲೆ ಬೋಳಿಸಿಕೊಳ್ಳಲು ಒಪ್ಪುವುದಿಲ್ಲ. ಆಗ ಆಚಾರದ ಪರ ನಿಲ್ಲಬೇಕಾದ ಹಿರಿಯಳು ಫಣಿಯಮ್ಮ, ಆ ಹುಡುಗಿಯ ಪರ ಮಾತಾಡುತ್ತಾಳೆ. ತನಗಾದದ್ದು ಇನ್ನೊಬ್ಬಳಿಗೆ ಆಗುವುದು ಬೇಡ ಎನ್ನುವಷ್ಟು ದೊಡ್ಡ ಮನಸ್ಸು ಅವಳದು.

ಈ ಕಾದಂಬರಿಯನ್ನು 1983ರಲ್ಲಿ ತೆರೆಗೆ ತಂದವರು ಪ್ರೇಮಾ ಕಾರಂತ (1936-2007). ಕನ್ನಡದ ಮೊದಲ ಚಿತ್ರ ನಿರ್ದೇಶಕಿ ಎಂದು ಹೆಸರಾದ ಇವರು ಹುಟ್ಟಿದ್ದು ಪಕ್ಕದ ಭದ್ರಾವತಿಯಲ್ಲಿ. ರಂಗಭೂಮಿ, ಸಿನಿಮಾ ಎರಡರಲ್ಲೂ ವಸ್ತ್ರವಿನ್ಯಾಸದ ಕೆಲಸ ಮಾಡಿದ ಅನುಭವ ಅವರಿಗಿತ್ತು. ಒಂದು ಬಟ್ಟೆ ಒಬ್ಬ ಮನುಷ್ಯಳನ್ನು ಏನು ಮಾಡಬಲ್ಲದು ಎಂಬುದನ್ನು ಬಲ್ಲವರು. ತೆರೆಯ ಮೇಲಿನ ಫಣಿಯಮ್ಮನಾಗಿ ಎಲ್.ವಿ. ಶಾರದಾ ನಟಿಸಿದರು. ಚಿತ್ರಕ್ಕೆ ರಾಷ್ಟ್ರ ಪ್ರಶಸ್ತಿಯೂ ಬಂತು. ಇಲ್ಲಿ ಬರೆದವರು ಹೆಣ್ಣು, ಕ್ಯಾಮರಾದ ಹಿಂದೆ ನಿಂತವರೂ ಹೆಣ್ಣು.

ಬೋಳುತಲೆಯ ಫಣಿಯಮ್ಮನನ್ನೂ ಕೆಂಚುಗೂದಲಿನ ರಾನ್‌ಳನ್ನೂ ಪಕ್ಕಪಕ್ಕ ಇಡುವುದು ನಿಮಗೆ ವಿಚಿತ್ರವೆನಿಸಬಹುದು. ಒಬ್ಬಳ ನೋವಿಗೆ ಇನ್ನೊಬ್ಬಳ ಷೋಕಿಯನ್ನು ಸಮ ಮಾಡುವುದು ನನ್ನ ಉದ್ದೇಶವಲ್ಲ. ಆದರೆ ಎರಡೂ ಕಡೆ ಕೇಳಬೇಕಾದ ಪ್ರಶ್ನೆ ಒಂದೇ. ಹುಡುಗಿಯ ಕೂದಲು, ಬಟ್ಟೆಗಳ ಮೇಲೆ ಕೊನೆಯ ಮಾತು ಯಾರದು? ಅವಳ ಚಿತ್ರವನ್ನು ಬರೆಯುವಾಗ ಅವಳನ್ನು ಯಾರಾದರೂ ಕೇಳಿದರೇ? ಜಪಾನಿನಲ್ಲಿ ಹುಡುಗಿಯರ ಕಥೆಯನ್ನು ಹೆಂಗಸರು ಬರೆದಾಗ ಗ್ಯಾರುವಿನ ಚಿತ್ರ ಬದಲಾಯಿತು. ನಮ್ಮಲ್ಲಿ ಇಂದಿರಾ ಬರೆದಾಗ, ಪ್ರೇಮಾ ಕಾರಂತ ಚಿತ್ರ ತೆಗೆದಾಗ, ನಾಲ್ಕು ಜನ ಕಂಡೂ ಕಾಣದಂತಿದ್ದ ಮಡಿ ಸೀರೆಯೊಳಗಿನ ಮನುಷ್ಯಳು ಕಂಡಳು.

ಗೋಪಾಳದ ಆ ದೃಶ್ಯದ ಪೂರ್ತಿ ತುಣುಕನ್ನು ಆಮೇಲೆ ಮತ್ತೊಮ್ಮೆ ಹಾಕಿ ನೋಡಿದೆ. ಆಕೆ ಹೇಳಿದ್ದು ನಿಜ. ಎಡಗೈಯಲ್ಲಿ ಎರಡು ದಪ್ಪ ಪುಸ್ತಕಗಳಿದ್ದವು. ದೃಶ್ಯವನ್ನು ಕತ್ತರಿಸುವಾಗ ಅವು ಇರುವ ಭಾಗವನ್ನು ನಾನೇ ಬಿಟ್ಟಿದ್ದೆ.

ಕಾರ್ಯಕ್ರಮ ನೋಡಿದ ಮೇಲೆ ಚರ್ಚಿಸಿ

1. ನಿಮ್ಮ ಮನೆಯಲ್ಲಿ ಅಜ್ಜಿ, ಅಮ್ಮ, ಅಕ್ಕ ಈ ಮೂವರೂ ಕಾಲೇಜು ವಯಸ್ಸಿನಲ್ಲಿ ಏನು ಉಡುತ್ತಿದ್ದರು? ಯಾವುದಕ್ಕೆ ಆಕ್ಷೇಪ ಬಂತು, ಆಕ್ಷೇಪಿಸಿದವರು ಯಾರು? ಕೇಳಿ ಬರೆದುಕೊಳ್ಳಿ.

2. ಯಾವುದಾದರೂ ಹಳೆಯ ಕನ್ನಡ ಚಿತ್ರದಲ್ಲಿ ನಾಯಕಿ ಮೊದಲು ಕಾಣಿಸುವ ದೃಶ್ಯವನ್ನೂ ಕೊನೆಯ ದೃಶ್ಯವನ್ನೂ ಹೋಲಿಸಿ. ಕ್ಯಾಮರಾ ಮೊದಲು ಏನನ್ನು ತೋರಿಸಿತು?

3. 'ಬಜಾರಿ', 'ಗಂಡುಬೀರಿ' ಇಂಥ ಮಾತುಗಳಿಗೆ ಗಂಡಸರಿಗೆ ಅನ್ವಯವಾಗುವ ಸಮಾನ ಪದಗಳಿವೆಯೇ? ಹುಡುಕಿ.

4. ನಿಮ್ಮ ಫೋನಿನಲ್ಲಿ ಬೇರೊಬ್ಬರ ಚಿತ್ರ ತೆಗೆದು ಹಂಚುವ ಮೊದಲು ಅವರನ್ನು ಕೇಳುತ್ತೀರಾ? ಕೇಳದೆ ಹಂಚಿದ್ದರೆ, ಆ ಚಿತ್ರದ ಹೊರಗೆ ಏನು ಉಳಿದಿತ್ತು ಎಂಬುದನ್ನು ನೆನಪು ಮಾಡಿಕೊಳ್ಳಿ.